ರಹ್ಮತ್ ಖಾನ್ ಬದಿಗಿಟ್ಟ ರಾಕೆಟ್

ಮೊನ್ನೆ ಒಂದು ಮದುವೆ ಹಾಲ್‌ನಲ್ಲಿ ಹಳೇ ಪರಿಚಯದವರೊಬ್ಬರು ಮಗನನ್ನು ತೋರಿಸಿ, "ಇವನಿಗೆ ಸ್ವಲ್ಪ ಬುದ್ಧಿ ಹೇಳಿ ಮಾರಾಯ್ರೆ. ಆಟ ಬಿಟ್ಟ, ಒಳ್ಳೇದಾಯ್ತು ಅಂದ್ಕೊಂಡ್ರೆ ಈಗ ಊರಿನ ಮಕ್ಕಳಿಗೆ ವಾಲಿಬಾಲ್ ಹೇಳಿಕೊಡ್ಲಿಕ್ಕೆ ಶುರು ಮಾಡಿದ್ದಾನೆ. ದುಬೈ ವೀಸಾ ಬಂದಿದೆ, ಹೋಗ್ಲಿಕ್ಕೆ ಒಪ್ತಾ ಇಲ್ಲ" ಎಂದರು. ಹುಡುಗ ತಲೆ ತಗ್ಗಿಸಿ ನಿಂತಿದ್ದ. ನನಗೆ ಆಗ ನೆನಪಾದದ್ದು ಸ್ಕ್ವಾಷ್ ಆಟದ ರಹ್ಮತ್ ಖಾನ್.

ಜಹಾಂಗೀರ್ ಖಾನ್ ಹೆಸರನ್ನು ನಮ್ಮ ಹಿರಿಯರಲ್ಲಿ ಹಲವರು ಕೇಳಿರಬಹುದು. ನಾಲ್ಕು ಗೋಡೆಗಳ ಕೋಣೆಯೊಳಗೆ ಸಣ್ಣ ರಬ್ಬರ್ ಚೆಂಡನ್ನು ಗೋಡೆಗೆ ಬಡಿಯುವ ಆ ಆಟದಲ್ಲಿ ಐದೂವರೆ ವರ್ಷಕ್ಕೂ ಹೆಚ್ಚು ಕಾಲ ಸೋಲನ್ನೇ ಕಾಣದ ಪಾಕಿಸ್ತಾನದ ಆಟಗಾರ. ಸತತ 555 ಪಂದ್ಯ ಗೆದ್ದರು ಎಂಬುದು ಎಲ್ಲರೂ ಹೇಳುವ ಲೆಕ್ಕ. ರಹ್ಮತ್ ಲೆಕ್ಕವನ್ನು ಮಾತ್ರ ಯಾರೂ ಬರೆದಿಡಲಿಲ್ಲ.

ಜಹಾಂಗೀರ್ ಹುಟ್ಟಿನಿಂದಲೇ ಹರ್ನಿಯಾ ಇದ್ದ ಮಗು. ಓಡಾಟದ ಆಟ ಬೇಡ ಅಂತ ವೈದ್ಯರೇ ಹೇಳಿದ್ದರು. ಆದರೂ 1979ರಲ್ಲಿ, 15ನೇ ವಯಸ್ಸಿನಲ್ಲಿ, ಮೆಲ್ಬರ್ನ್‌ನಲ್ಲಿ ವಿಶ್ವ ಅಮೆಚೂರ್ ಚಾಂಪಿಯನ್ ಆದರು. ತಂದೆ ರೋಶನ್ ಖಾನ್ 1957ರ ಬ್ರಿಟಿಷ್ ಓಪನ್ ಗೆದ್ದವರು. ಹುಡುಗನನ್ನು ಲಂಡನ್‌ನಲ್ಲಿ ಇಟ್ಟುಕೊಂಡು ತಯಾರು ಮಾಡುತ್ತಿದ್ದವರು ಅಣ್ಣ ತೋರ್ಸಂ. ಮೆಲ್ಬರ್ನ್ ಗೆಲುವಿನ ಮರುತಿಂಗಳೇ ಅಡಿಲೇಡ್‌ನಲ್ಲಿ ಆಡುತ್ತಿದ್ದಾಗ ಹೃದಯಾಘಾತವಾಗಿ ತೋರ್ಸಂ ತೀರಿಹೋದರು. ಜಹಾಂಗೀರ್ ಆಟವನ್ನೇ ಬಿಡುವ ಯೋಚನೆಯಲ್ಲಿದ್ದರು.

ಆಗ ಮುಂದೆ ಬಂದವರು ಸೋದರ ಸಂಬಂಧಿ ರಹ್ಮತ್. ಅವರೂ ವೃತ್ತಿಪರ ಆಟಗಾರರೇ. ಸ್ವಂತ ಆಟವನ್ನು ಬದಿಗಿಟ್ಟು ಆ ಹುಡುಗನ ಕೋಚ್ ಆದರು.

ಇದಕ್ಕೆ 'ತ್ಯಾಗ' ಅಂತ ಹೆಸರಿಟ್ಟು ಒಂದು ಶಾಲು ಹೊದಿಸಿ ಮುಗಿಸುವುದು ಸುಲಭ. ನನಗೆ ಆ ಪದ ಇಷ್ಟ ಇಲ್ಲ. ಅದು ಕೆಲಸ, ಅದೂ ಆಡುವುದಕ್ಕಿಂತ ಕಷ್ಟದ ಕೆಲಸ. ಒಂಬತ್ತು ಮೈಲಿಯಷ್ಟು ಓಟ, ಆಮೇಲೆ ಹೊತ್ತು ನೋಡಿಕೊಂಡು ಸ್ಪ್ರಿಂಟ್, ಭಾರ ಎತ್ತುವುದು, ಈಜು. ಅಣ್ಣನನ್ನು ಕಳಕೊಂಡ ಹದಿಹರೆಯದ ಹುಡುಗನಿಂದ ದಿನಾ ಇಷ್ಟನ್ನು ಮಾಡಿಸಬೇಕಾದರೆ ಎಷ್ಟು ತಾಳ್ಮೆ ಬೇಕು ಲೆಕ್ಕ ಹಾಕಿ. ನಮ್ಮ ಮನೆಯಲ್ಲಿ ಮಗನನ್ನು ಸುಬ್‌ಹಿಗೆ ಎಬ್ಬಿಸುವುದೇ ದೊಡ್ಡ ಸಾಹಸ ಅಲ್ವಾ?

1981ರ ಬ್ರಿಟಿಷ್ ಓಪನ್ ಫೈನಲ್‌ನಲ್ಲಿ ಜಹಾಂಗೀರ್ ಆಸ್ಟ್ರೇಲಿಯಾದ ಜೆಫ್ ಹಂಟ್‌ಗೆ ಸೋತರು. ಅದೇ ವರ್ಷ ಟೊರಾಂಟೊದಲ್ಲಿ ಅದೇ ಹಂಟ್‌ರನ್ನು ಸೋಲಿಸಿ, 17ನೇ ವಯಸ್ಸಿಗೆ ವಿಶ್ವ ಓಪನ್ ಗೆದ್ದರು. 1983ರಲ್ಲಿ ಚಿಚೆಸ್ಟರ್‌ನಲ್ಲಿ ಈಜಿಪ್ಟ್‌ನ ಗಮಾಲ್ ಅವಾದ್ ಎದುರು ಪಂದ್ಯ ನಡೆದದ್ದು 2 ಗಂಟೆ 46 ನಿಮಿಷ. ಮೊದಲ ಗೇಮ್ ಸೋತರೂ ಉಳಿದ ಮೂರನ್ನೂ ಗೆದ್ದರು. ಆ ಕಾಲಿನ ಕಸುವು ಲಂಡನ್‌ನ ಬೆಳಗುಗಳಲ್ಲಿ ತಯಾರಾದದ್ದು. 1986ರಲ್ಲಿ ಟೂಲೂಸ್‌ನಲ್ಲಿ ರಾಸ್ ನಾರ್ಮನ್ ಕೊನೆಗೂ ಸೋಲಿಸಿದರು. ಆಮೇಲೂ ಜಹಾಂಗೀರ್ ನಿಲ್ಲಲಿಲ್ಲ. 1982ರಿಂದ 1991ರವರೆಗೆ ಸತತ ಹತ್ತು ಬ್ರಿಟಿಷ್ ಓಪನ್.

ಈ ಕುಟುಂಬದಲ್ಲಿ ಕಲಿಸುವುದು ಆಟ ಮುಗಿದ ಮೇಲಿನ ಗತಿ ಆಗಿರಲಿಲ್ಲ. ಏಳು ಸಲ ಬ್ರಿಟಿಷ್ ಓಪನ್ ಗೆದ್ದ ಹಾಶಿಂ ಖಾನ್ ಪೇಶಾವರದ ಆಫೀಸರ್ಸ್ ಕ್ಲಬ್‌ನಲ್ಲಿ ಚೆಂಡು ಹೆಕ್ಕುತ್ತಿದ್ದ ಹುಡುಗ. ಜಗತ್ತಿಗೆ ಚಾಂಪಿಯನ್ ಆಗುವ ಮೊದಲೇ ಅವರು ಕೋಚ್ ಆಗಿದ್ದರು, ಕೊನೆಗೆ ಅಮೆರಿಕದಲ್ಲಿ ಅದೇ ಕೆಲಸದಲ್ಲಿ ನೆಲೆಸಿದರು. ರೋಶನ್ ಅವರ ಸಹೋದರ ನಸ್ರುಲ್ಲಾ ಜೋನಾ ಬ್ಯಾರಿಂಗ್ಟನ್‌ರಂಥ ಚಾಂಪಿಯನ್‌ನನ್ನು ತಿದ್ದಿದವರು.

ನಮ್ಮಲ್ಲಿ ಹೇಗಿದೆ? ನೀಟ್ ಕೋಚಿಂಗ್‌ಗೆ ಸಾಲ ಮಾಡಿ ಫೀಸ್ ಕಟ್ಟುತ್ತೇವೆ. ಮೈದಾನದಲ್ಲಿ ನಮ್ಮ ಮಕ್ಕಳನ್ನು ಓಡಿಸುವವನಿಗೆ ಪೆಟ್ರೋಲ್ ಖರ್ಚನ್ನೂ ಕೊಡುವುದಿಲ್ಲ. ಕೇಳಿದರೆ, "ಅವನಿಗೆ ಬೇರೆ ಕೆಲಸ ಇಲ್ಲ" ಎನ್ನುತ್ತೇವೆ. ಯುವಕ ಸಂಘಗಳು ಟೂರ್ನಮೆಂಟ್‌ಗೆ ಫ್ಲೆಕ್ಸ್, ಲೈಟು, ಟ್ರೋಫಿ ಅಂತ ಸಾವಿರಗಟ್ಟಲೆ ಖರ್ಚು ಮಾಡುತ್ತವೆ. ಅದರಲ್ಲೊಂದು ಪಾಲನ್ನು ತಿಂಗಳ ಸಂಬಳ ಮಾಡಿ ಕೋಚ್‌ಗೆ ಕೊಡಬಾರದೇ? ಎಲ್ಲರೂ ಗಲ್ಫ್ ಬೇಡ ಅನ್ನಬೇಕೆಂದು ನಾನು ಹೇಳುತ್ತಿಲ್ಲ, ನಮ್ಮ ಮನೆಗಳು ನಿಂತದ್ದೇ ಆ ದುಡಿಮೆಯಿಂದ. ಇಲ್ಲೇ ಇದ್ದು ಕಲಿಸುತ್ತೇನೆ ಎಂಬವನು ಉಪವಾಸ ಬೀಳಬಾರದು, ಅಷ್ಟೇ.

ಆ ಹುಡುಗನಿಗೆ ನಾನು ಬುದ್ಧಿ ಹೇಳಲಿಲ್ಲ. ಬೆಳಗ್ಗೆ ಎಷ್ಟು ಮಕ್ಕಳು ಬರ್ತಾರೆ ಅಂತ ಕೇಳಿದೆ. ಹದಿನಾಲ್ಕು ಎಂದ. ತಂದೆಗೆ ಆ ಲೆಕ್ಕ ಗೊತ್ತಿರಲಿಲ್ಲ.