ಸುದ್ದಿಗೆ ಹಣೆಪಟ್ಟಿ ಕಟ್ಟುವವರು ಯಾರು?



'ಸೆಮ್ಯಾಂಟಿಕ್ ವೆಬ್' ಅಂದ್ರೆ ಕಂಪ್ಯೂಟರ್‌ನವರ ವಿಷಯ, ನಮಗ್ಯಾಕೆ ಅನ್ನಬೇಡಿ. ಇದು ನಮ್ಮದೇ ವಿಷಯ.

ಕಡತಕ್ಕೆ ನಂಬರ್ ಹಾಕೋದು ಗುಮಾಸ್ತನಾದ ನನ್ನ ದಿನದ ಕೆಲಸ. ನಂಬರ್ ಇದ್ದರೆ ಹತ್ತು ವರ್ಷದ ಹಿಂದಿನ ಅರ್ಜಿ, ಟಿಪ್ಪಣಿ, ಆದೇಶ ಎಲ್ಲಾ ಒಟ್ಟಿಗೆ ಸಿಗುತ್ತೆ. ಇಲ್ಲದಿದ್ದರೆ ಅರ್ಜಿ ಇದ್ದೂ ಇಲ್ಲದ ಹಾಗೆ. ಸೆಮ್ಯಾಂಟಿಕ್ ವೆಬ್ ಸುದ್ದಿಗೆ ಮಾಡೋದೂ ಇದನ್ನೇ. ವ್ಯಕ್ತಿ, ಊರು, ಘಟನೆ ಒಂದೊಂದಕ್ಕೂ ಕಂಪ್ಯೂಟರಿಗೆ ತಿಳಿಯುವ ಗುರುತು ಕೊಟ್ಟು, ಅವುಗಳ ನಡುವಿನ ಸಂಬಂಧ ಬರೆದಿಡುತ್ತೆ. 2010ರ ಫುಟ್‌ಬಾಲ್ ವಿಶ್ವಕಪ್ ವೇಳೆ ಬಿಬಿಸಿ ಇದನ್ನು ಮಾಡಿ ತೋರಿಸಿತು. ಪತ್ರಕರ್ತರು ವರದಿಗೆ ಆಟಗಾರನ, ತಂಡದ ಗುರುತು ಹಾಕಿದರೆ ಸಾಕು, ನೂರಾರು ಪುಟಗಳು ತಾವಾಗಿಯೇ ಸಿದ್ಧವಾಗುತ್ತಿದ್ದವು.

ಆಟಗಾರನಿಗೆ ಸಿಕ್ಕ ಈ ಗುರುತು ನಮ್ಮ ಸತ್ತವರಿಗೆ ಸಿಕ್ಕಿದೆಯಾ?

ಕಂಬಾಲಪಲ್ಲಿಯನ್ನೇ ತಗೊಳ್ಳಿ. 2000ದ ಮಾರ್ಚ್ 11ರಂದು ಏಳು ಮಂದಿ ದಲಿತರನ್ನು ಸುಟ್ಟು ಕೊಂದರು. ಸಾಕ್ಷಿಗಳು ತಿರುಗಿಬಿದ್ದರು. 2006ರಲ್ಲಿ ಸೆಷನ್ಸ್ ಕೋರ್ಟಿನಲ್ಲಿ ಆರೋಪಿಗಳ ಖುಲಾಸೆ, 2014ರಲ್ಲಿ ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಘಟನೆ ನಡೆದಾಗ ಊರು ಕೋಲಾರ ಜಿಲ್ಲೆಯಲ್ಲಿತ್ತು, 2007ರಿಂದ ಚಿಕ್ಕಬಳ್ಳಾಪುರ ಜಿಲ್ಲೆ. ಒಬ್ಬರು ಕಂಬಾಲಪಲ್ಲಿ ಅಂತ ಬರೆದರೆ ಇನ್ನೊಬ್ಬರು ಕಂಬಾಲಪಳ್ಳಿ ಅಂತಾರೆ. ಇದೆಲ್ಲಾ ಒಂದೇ ಅಂತ ಯಾರಾದರೂ ದಾಖಲಿಸದಿದ್ದರೆ ಯಂತ್ರಕ್ಕೆ ಇವು ಬಿಡಿಬಿಡಿ ಸುದ್ದಿಗಳು. ಒಂದೇ ಗುರುತಿನಡಿ ತಂದರೆ, ಕೊಲೆಯಿಂದ ಖುಲಾಸೆವರೆಗೆ ನ್ಯಾಯ ಎಲ್ಲೆಲ್ಲಿ ಸೋತಿತು ಅಂತ ಓದುಗನ ಕಣ್ಣಿಗೆ ಬೀಳುತ್ತೆ.

ಇನ್ನೊಂದು ಮಾತು. ಇಂಥ ಸುದ್ದಿಗೆ 'ಅಪರಾಧ' ಅಂತ ಹಾಕ್ತೀರೋ, 'ಗುಂಪು ಘರ್ಷಣೆ' ಅಂತಲೋ, 'ಜಾತಿ ದೌರ್ಜನ್ಯ' ಅಂತಲೋ? ಹಿಂದೆ ತಪ್ಪು ತಲೆಬರಹ ಮರುದಿನ ರದ್ದಿಗೆ ಹೋಗ್ತಿತ್ತು. ಈಗ ಆ ಹಣೆಪಟ್ಟಿ ಹುಡುಕಾಟದ ಯಂತ್ರಕ್ಕೆ, ಎಐಗೆ, ನಾಳೆಯ ಸಂಶೋಧಕರಿಗೆ ಹೋಗುತ್ತೆ. ಎಲ್ಲವೂ 'ಘರ್ಷಣೆ' ಆದರೆ ನಾಳೆ ಲೆಕ್ಕ ಹಾಕುವವರಿಗೆ ದೌರ್ಜನ್ಯವೇ ಕಾಣಲ್ಲ. ಆ ಪಟ್ಟಿ ತಯಾರಿಸುವ ಮೇಜಿನಲ್ಲಿ ನಮ್ಮವರು ಎಷ್ಟು ಮಂದಿ ಇದ್ದಾರೆ?

ಸಂಪಾದಕರಿಗೆ ನನ್ನ ಆಗ್ರಹ: ದೌರ್ಜನ್ಯ ತಡೆ ಕಾಯ್ದೆಯಡಿ ಕೇಸು ದಾಖಲಾದರೆ ಅದನ್ನು ಗುರುತಿನಲ್ಲೇ ಹಾಕಿ. ಎಫ್‌ಐಆರ್‌ನಿಂದ ತೀರ್ಪಿನವರೆಗೆ ವರದಿಗಳನ್ನು ಜೋಡಿಸಿ. ಆದರೆ ಲೈಂಗಿಕ ದೌರ್ಜನ್ಯಕ್ಕೆ ಒಳಗಾದ ಹೆಣ್ಣುಮಕ್ಕಳ ಗುರುತು ಹೀಗೆ ಜೋಡಿಸುವಾಗಲೂ ಹೊರಬೀಳಕೂಡದು. ಒಂದು ವರದಿಯಲ್ಲಿ ಊರು, ಇನ್ನೊಂದರಲ್ಲಿ ತಂದೆ ಹೆಸರು ಇದ್ದರೆ ಯಂತ್ರ ಎರಡನ್ನೂ ಕೂಡಿಸಿಬಿಡುತ್ತೆ.

ನಮ್ಮ ಹುಡುಗ ಹುಡುಗಿಯರಿಗೆ: ವಿಕಿಡೇಟಾವನ್ನು ಯಾರು ಬೇಕಾದರೂ ತಿದ್ದಬಹುದು, ದುಡ್ಡು ಕೊಡಬೇಕಿಲ್ಲ. ನಮ್ಮ ಹೋರಾಟ, ನಮ್ಮ ಪತ್ರಿಕೆ, ನಮ್ಮ ಊರುಗಳನ್ನು ಆಧಾರ ಸಮೇತ ಅಲ್ಲಿ ಸೇರಿಸಿ. ಬಾಬಾಸಾಹೇಬರು 1920ರಲ್ಲಿ 'ಮೂಕನಾಯಕ' ತಂದದ್ದು ಬೇರೆಯವರ ಪತ್ರಿಕೆಗಳಲ್ಲಿ ನಮ್ಮ ದನಿಗೆ ಜಾಗ ಇರಲಿಲ್ಲ ಅಂತ. ಇವತ್ತಿನ ಕಡತದಲ್ಲೂ ನಮ್ಮ ನಂಬರನ್ನು ನಾವೇ ಬರೆಯಬೇಕು.

ಜೈಭೀಮ್.