ಮೂಕ ಚಿತ್ರಗಳೂ ನಮ್ಮ ಬಾಲಿಕೆಯರ ಆಟವೂ

ಚಲಚ್ಚಿತ್ರಗಳಿಂದ ಮಕ್ಕಳು ಕೆಡುತ್ತಾರೆಂಬ ದೂರು ಬಹು ಹಳೆಯದು. ಅದನ್ನು ನಾವು ಇಲ್ಲಿ ಮತ್ತೆ ಎತ್ತುವುದಿಲ್ಲ. ಮಾತಿಲ್ಲದ ಮೊದಮೊದಲಿನ ಚಿತ್ರಗಳು ಮಕ್ಕಳ ಬಿಡುವಿನ ವೇಳೆಯನ್ನು ಹೇಗೆ ಕಂಡವೆಂಬುದನ್ನು ಮಾತ್ರ ಪಾಲಕರ ಮುಂದಿಡಬಯಸುತ್ತೇವೆ.

1896ನೆಯ ಇಸವಿಯ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಫ್ರಾನ್ಸ್ ದೇಶದ ಲುಮಿಯೇರ್ ಸಹೋದರರ ಚಿತ್ರಗಳ ಪ್ರದರ್ಶನವಾಯಿತು. ಒಂದೊಂದು ಚಿತ್ರವೂ ಒಂದು ನಿಮಿಷಕ್ಕಿಂತ ಕಡಿಮೆಯದು. ಅವುಗಳಲ್ಲೊಂದು ಸಮುದ್ರಸ್ನಾನದ್ದು: ಮಕ್ಕಳು ಕಿರಿದಾದ ಹಲಗೆಯ ಮೇಲೆ ಓಡಿ ಬಂದು ಒಬ್ಬರ ಹಿಂದೊಬ್ಬರು ನೀರಿಗೆ ಹಾರುತ್ತಾರೆ, ದಡ ಸೇರಿ ಮತ್ತೆ ಹಾರುತ್ತಾರೆ. ಕಥೆಯಿಲ್ಲ, ನೀತಿಯೂ ಇಲ್ಲ. ಮನೆಯ ಕೂಸಿಗೆ ಉಣಿಸುವುದನ್ನೂ, ಚಿಕ್ಕ ಹುಡುಗಿಯೊಬ್ಬಳು ಬೆಕ್ಕಿನೊಡನೆ ಆಡುವುದನ್ನೂ ಅವರು ಇದೇ ರೀತಿ ಚಿತ್ರಿಸಿದ್ದಾರೆ. ಹೊಸ ಯಂತ್ರ ಕೈಗೆ ಬಂದಾಗ ರಾಜರ ಮೆರವಣಿಗೆಯಂತೆ ಮಕ್ಕಳ ಆಟವೂ ನೋಡತಕ್ಕ ವಸ್ತುವೆಂದು ಎಣಿಸಿದರಲ್ಲಾ, ಅದು ನಮಗೆ ದೊಡ್ಡ ಮಾತಾಗಿ ತೋರುತ್ತದೆ.

ನಮ್ಮ ದೇಶದಲ್ಲಿ ದಾದಾಸಾಹೇಬ ಫಾಲ್ಕೆಯವರು 1919ರಲ್ಲಿ ‘ಕಾಲಿಯ ಮರ್ದನ’ವೆಂಬ ಮೂಕ ಚಿತ್ರವನ್ನು ತೆಗೆದರು. ಬಾಲಕೃಷ್ಣನಾದವಳು ಅವರ ಮಗಳು ಮಂದಾಕಿನಿ. ಗೆಳೆಯರ ಗುಂಪು ಕಟ್ಟಿ ಬೆಣ್ಣೆ ಕದಿಯುವುದು, ನದಿಗೆ ಧುಮುಕುವುದು—ಕಥೆ ಪುರಾಣದ್ದಾದರೂ ತುಂಟತನ ಯಾವ ಊರಿನ ಓಣಿಯಲ್ಲಾದರೂ ಕಾಣತಕ್ಕದ್ದೇ. ಆದರೆ ಹುಡುಗಿಯೊಬ್ಬಳು ಹೀಗೆ ಸ್ವಚ್ಛಂದವಾಗಿ ಆಡಲು ಹುಡುಗನ ವೇಷ ಹಾಕಬೇಕಾಯಿತೆಂಬುದನ್ನು ವಾಚಕರು ಗಮನಿಸಬೇಕು.

ವೇಷವಿಲ್ಲದ ಹುಡುಗಿಯರಿಗೆ ಸಿಕ್ಕುವ ಆಟವೆಷ್ಟು? ಸಂಜೆ ನಮ್ಮ ಗಿಣಿಗೇರಾದ ಓಣಿಗಳಲ್ಲಿ ನಿಂತು ನೋಡಿರಿ. ಹುಡುಗರು ಬ್ಯಾಟು ಚೆಂಡು ಹಿಡಿದು ಬಯಲಿಗೆ ಹೋಗಿರುತ್ತಾರೆ. ಅದೇ ವಯಸ್ಸಿನ ಹುಡುಗಿ ತಮ್ಮನನ್ನು ಕಂಕುಳಲ್ಲಿ ಎತ್ತಿಕೊಂಡು ಕೊಡದೊಡನೆ ನಳದ ಸರದಿಯಲ್ಲಿ ನಿಂತಿರುತ್ತಾಳೆ. ಸರದಿ ಬರುವ ಮೊದಲು ನಾಲ್ಕು ಹರಳು ಆಯ್ದು ಗೆಳತಿಯೊಡನೆ ಕುಳಿತಳೋ, ಅಷ್ಟರಲ್ಲಿ ಮನೆಯಿಂದ ಕೂಗು ಬರುತ್ತದೆ.

ಶಾಲೆಯ ಕೊನೆಯ ತಾಸನ್ನು ಆಟಕ್ಕೆ ಬಿಡುವುದು ಕಾಲಹರಣವೆಂದೂ, ಹತ್ತನೆಯ ತರಗತಿಯವರಿಗಾದರೂ ಅದನ್ನು ಪಾಠಕ್ಕೆ ಕೊಡಬೇಕೆಂದೂ ಕೆಲವು ಪಾಲಕರು ಕೇಳುತ್ತಾರೆ. ನಾವು ಒಪ್ಪಲಾರೆವು. ಮನೆಯಲ್ಲಿ ಹುಡುಗಿಗೆ ಪುಸ್ತಕ ತೆರೆಯಲು ಅರ್ಧ ತಾಸು ಸಿಕ್ಕೀತು. ಕುಂಟಾಟಕ್ಕೆ, ಹರಳಾಟಕ್ಕೆ ಸಿಕ್ಕದು. ಪರೀಕ್ಷೆ ಹತ್ತಿರ ಬಂದರೂ ಆ ತಾಸು ಆಟದ್ದಾಗಿಯೇ ಇರತಕ್ಕದ್ದು.

ಈಗ ಹೆಚ್ಚಿನ ಮನೆಗಳಲ್ಲಿ ಚಿತ್ರ ತೆಗೆಯುವ ಮೊಬೈಲು ಇದೆ. ಹುಡುಗಿ ಬಹುಮಾನ ಪಡೆಯುವುದನ್ನೂ, ಹಬ್ಬದ ಸೀರೆಯುಟ್ಟು ನಿಲ್ಲುವುದನ್ನೂ ಅದರಲ್ಲಿ ತೆಗೆಯುತ್ತೀರಿ. ತಾಯಂದಿರೇ, ಅವಳು ಹರಳಾಡುವುದನ್ನೂ ಒಂದು ನಿಮಿಷ ತೆಗೆಯಿರಿ. ಇತ್ತ ನೋಡೆಂದು ಹೇಳಬೇಡಿರಿ. ಅಷ್ಟು ಹೊತ್ತು ನೀರಿನ ಕೊಡವನ್ನು ಅವಳ ಅಣ್ಣನು ಹೊರಲಿ.