ನೀವೇ ಏನೋ ಒತ್ತಿರ್ತೀರಾ!

“ನೀವೇ ಏನೋ ಒತ್ತಿರ್ತೀರಾ ಬಿಡಿ.”

ಈ ಮಾತು ಕಿವಿಗೆ ಬಿದ್ದರೆ ಸಾಕು, ನನಗೆ ಪಿತ್ತ ನೆತ್ತಿಗೇರುತ್ತದೆ. ಫೋನ್ ತೆಗೆದರೆ ಬರೀ ಜಾಹೀರಾತು ಬರುತ್ತಿದೆ ಎಂದು ವಯಸ್ಸಾದವರು ಯಾರಾದರೂ ಬಾಯಿ ಬಿಡಲಿ, ಮನೆಯ ಹುಡುಗರಿಂದ ಹಿಡಿದು ಮೊಬೈಲ್ ಅಂಗಡಿಯವರವರೆಗೆ ಎಲ್ಲರ ಬಳಿಯೂ ಇದೊಂದೇ ಉತ್ತರ. ತಪ್ಪು ಯಾವಾಗಲೂ ಬೆರಳಿನದು. ಆ ಬೆರಳಿಗೆಂದೇ ಬಲೆ ಹಾಕಿ ಕೂತವನನ್ನು ಯಾರೂ ಕೇಳುವುದಿಲ್ಲ.

ಈ ವಾರ ಆ ಮಾತು ಕೇಳಿಸಿಕೊಂಡವರು ತಿಪಟೂರಿನ ನಮ್ಮ ದೊಡ್ಡಮ್ಮ. ಅವರು ಮಾತು ಮುಗಿಸಿ ಕೆಂಪು ಗುಂಡಿ ಒತ್ತಿದೊಡನೆ ಪರದೆ ಪೂರ್ತಿ ಒಂದು ಆಟದ ಜಾಹೀರಾತು. ಯಾರೋ ರಾಜ ನೀರಿನಲ್ಲಿ ಮುಳುಗುತ್ತಿರುತ್ತಾನೆ, ಕಡ್ಡಿ ಎಳೆದು ಅವನನ್ನು ಉಳಿಸಬೇಕು. ಮೂಲೆಯಲ್ಲಿ ಐದು, ನಾಲ್ಕು, ಮೂರು ಎಂದು ಎಣಿಕೆ ಇಳಿದ ಮೇಲೆ ಬೂದು ಬಣ್ಣದ ಪುಟ್ಟ ಇಂಟು ಮಾರ್ಕ್ ಮೂಡುತ್ತದೆ. ಒತ್ತಿದರೆ ಮುಚ್ಚುವುದಿಲ್ಲ, ಪ್ಲೇ ಸ್ಟೋರ್ ತೆರೆದುಕೊಳ್ಳುತ್ತದೆ. ಅಲ್ಲಿಂದ ಹಿಂದೆ ಬಂದರೆ ಇನ್ನೊಂದು ಮೂಲೆಯಲ್ಲಿ ಇನ್ನೊಂದು ಇಂಟು ಮಾರ್ಕ್. ಅಸಲಿ ಅದು. ಅಷ್ಟರಲ್ಲಿ ಗ್ಯಾಸ್ ತಂದ ಹುಡುಗ ಬಾಗಿಲಲ್ಲಿ ನಿಂತು “ಓಟಿಪಿ ಹೇಳಿ ಅಜ್ಜಿ” ಎಂದು ಅವಸರ ಮಾಡುತ್ತಿರುತ್ತಾನೆ. ಮುಳುಗುವ ರಾಜನನ್ನು ದಾಟಿಕೊಂಡು ದೊಡ್ಡಮ್ಮ ಮೆಸೇಜ್ ಹುಡುಕಬೇಕು.

ಅಂಗಡಿಗೆ ಒಯ್ದರೆ ಅಲ್ಲಿನವರ ಸಲಹೆ: “ಫೋನ್ ಹಳೇದಾಯ್ತು ಅಜ್ಜಿ. ಎಕ್ಸ್‌ಚೇಂಜ್‌ಗೆ ಹಾಕಿ, ಹೊಸದು ತಗೊಳ್ಳಿ.” ಮೊಮ್ಮಗನನ್ನು ಕೇಳಿದರೆ “ನೀನೇ ಏನೋ ಒತ್ತಿರ್ತೀಯ ಅಜ್ಜಿ.” ಕೊನೆಗೆ ನನ್ನ ಕೈಗೆ ಫೋನ್ ತುರುಕುತ್ತ ದೊಡ್ಡಮ್ಮ ಹೇಳಿದ್ದು ಇಷ್ಟು: “ನಾನು ಒತ್ತೋದು ಹಸಿರು, ಕೆಂಪು ಎರಡೇ ಕಣೋ. ಅದನ್ನೂ ಒತ್ತಬಾರದು ಅಂದ್ರೆ ಇದನ್ನ ದೇವರ ಮನೇಲಿಟ್ಟು ಅರಿಶಿನ ಕುಂಕುಮ ಹಚ್ಲಾ?”

ಕಳ್ಳನನ್ನು ಹಿಡಿಯುವುದು ಅಷ್ಟೇನೂ ಕಷ್ಟವಲ್ಲ. ಜಾಹೀರಾತು ಬಂದ ಕೂಡಲೇ ಗಾಬರಿಯಾಗಿ ಮುಚ್ಚಲು ಹೋಗಬಾರದು. ಅದು ಪರದೆಯ ಮೇಲಿರುವಾಗಲೇ ಕೆಳಗಿನ ಚೌಕದ ಗುಂಡಿ ಒತ್ತಬೇಕು. ಗುಂಡಿ ಇಲ್ಲದ ಫೋನಾದರೆ ತಳದಿಂದ ಮೇಲಕ್ಕೆ ಬೆರಳೆಳೆದು ಅರೆಕ್ಷಣ ಹಿಡಿಯಬೇಕು. ತೆರೆದಿರುವ ಆ್ಯಪ್‌ಗಳು ಸಾಲಾಗಿ ಕಾಣುತ್ತವೆ. ಜಾಹೀರಾತು ಇರುವ ಕಾರ್ಡಿನ ಮೇಲೆ ಯಾವ ಆ್ಯಪಿನ ಐಕಾನ್ ಇದೆಯೋ ಅದೇ ಕಳ್ಳ. ದೊಡ್ಡಮ್ಮನ ಫೋನಿನಲ್ಲಿ ಸಿಕ್ಕಿಬಿದ್ದದ್ದು ಹಬ್ಬದ ಶುಭಾಶಯಕ್ಕೆ ಫೋಟೊ ಫ್ರೇಮ್ ಹಾಕಿಕೊಡುವ ಆ್ಯಪ್. ಯುಗಾದಿಗೆ ಅಜ್ಜಿಯ ಫೋಟೊಗೆ ಮಾವಿನ ತೋರಣ ಕಟ್ಟಿ ವಾಟ್ಸ್‌ಆ್ಯಪ್ ಸ್ಟೇಟಸ್‌ಗೆ ಹಾಕಲೆಂದು ಅದನ್ನು ಇಳಿಸಿದವನು ಯಾರೆಂದರೆ, ಬೇರೆ ಯಾರೂ ಅಲ್ಲ, ಆ ಮೊಮ್ಮಗನೇ.

ತೋರಣ ಕಟ್ಟುವ ಆ್ಯಪಿಗೆ ‘ಡಿಸ್‌ಪ್ಲೇ ಓವರ್ ಅದರ್ ಆ್ಯಪ್ಸ್’ ಅನುಮತಿ ಯಾಕೆ ಬೇಕಿತ್ತು? ಬೇರೆ ಆ್ಯಪ್‌ಗಳ ತಲೆಯ ಮೇಲೆ ಹತ್ತಿ ಕೂರುವ ಪರವಾನಗಿ ಅದು. ಹಿನ್ನೆಲೆಯಲ್ಲಿ ಮಲಗಿದ್ದ ಆ್ಯಪ್ ತಾನಾಗಿ ಎದ್ದು ಪರದೆಗೆ ಬರುವುದನ್ನು ಗೂಗಲ್ 2019ರ ಆಂಡ್ರಾಯ್ಡ್ 10ರಲ್ಲೇ ಬಹುಮಟ್ಟಿಗೆ ತಡೆಯಿತು. ಆದರೆ ಈ ಪರವಾನಗಿ ಇದ್ದವರಿಗೆ, ತೀರಾ ಈಚಿನ ಆವೃತ್ತಿಗಳನ್ನು ಬಿಟ್ಟರೆ, ಆ ತಡೆ ಇಲ್ಲ. ಸೆಟ್ಟಿಂಗ್ಸ್‌ನಲ್ಲಿ ಆ್ಯಪ್ಸ್, ಅದರೊಳಗೆ ಸ್ಪೆಷಲ್ ಆ್ಯಪ್ ಆಕ್ಸೆಸ್, ಅದರೊಳಗೆ ಈ ಪಟ್ಟಿ ಇರುತ್ತದೆ. ಸ್ಯಾಮ್‌ಸಂಗ್ ಫೋನುಗಳಲ್ಲಿ ಇದರ ಹೆಸರು ‘ಅಪಿಯರ್ ಆನ್ ಟಾಪ್’. ಒಮ್ಮೆ ತೆರೆದು ನೋಡಿ. ಅಲ್ಲಿ ಯಾರ್ಯಾರು ಬಿಡಾರ ಹೂಡಿದ್ದಾರೆಂದು ತಿಳಿದರೆ ಬೆಚ್ಚಿಬೀಳುತ್ತೀರಿ. ಗೊತ್ತಿಲ್ಲದ ಹೆಸರು ಕಂಡರೆ ಸ್ವಿಚ್ ಆರಿಸಿ, ಆಮೇಲೆ ಆ ಆ್ಯಪನ್ನೇ ತೆಗೆದುಹಾಕಿ.

ಎರಡನೇ ಕಾಟ ಬ್ರೌಸರಿನದು. ಯಾವುದೋ ಸಿನಿಮಾ ಸುದ್ದಿ ಓದಲು ಹೋದಾಗ “ನೀವು ರೋಬೋಟ್ ಅಲ್ಲವೆಂದು ತೋರಿಸಲು ಅಲೋ ಒತ್ತಿ” ಎನ್ನುತ್ತದೆ. ಒತ್ತಿದಿರೋ, ಅಂದಿನಿಂದ “ನಿಮ್ಮ ಫೋನಿಗೆ ವೈರಸ್ ತಗುಲಿದೆ” ಎಂಬ ಎಚ್ಚರಿಕೆ ರಾತ್ರಿ ಹಗಲು ಬರುತ್ತದೆ. ಅದು ವೈರಸ್ಸೂ ಅಲ್ಲ, ಎಚ್ಚರಿಕೆಯೂ ಅಲ್ಲ, ನಿಮ್ಮಿಂದ ಅಲೋ ಒತ್ತಿಸಿಕೊಂಡ ಆ ವೆಬ್‌ಸೈಟಿನ ನೋಟಿಫಿಕೇಶನ್. ಕ್ರೋಮ್‌ನ ಮೂರು ಚುಕ್ಕಿ ಒತ್ತಿ, ಸೆಟ್ಟಿಂಗ್ಸ್, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್ ಎಂದು ಒಳಗಿಳಿದು ಅಲ್ಲಿರುವವರನ್ನೆಲ್ಲ ಹೊರಗೆ ಹಾಕಿ.

ಮೂರನೆಯದು ನಾವೇ ಬೇಕೆಂದು ಇಟ್ಟುಕೊಂಡ ಆ್ಯಪ್‌ಗಳದು. ದಿನಸಿ ತರಿಸುವ ಆ್ಯಪ್ ಮಧ್ಯಾಹ್ನ ಮೂರಕ್ಕೆ “ಹಸಿವಾಯ್ತಾ?” ಎಂದು ವಿಚಾರಿಸುತ್ತದೆ. ಹೆತ್ತ ಮಕ್ಕಳು ಕೇಳದ ಪ್ರಶ್ನೆ ಅದು. ಇವನ್ನು ಪೂರ್ತಿ ಬಂದ್ ಮಾಡಿದರೆ ಮನೆ ಬಾಗಿಲಿಗೆ ಸಾಮಾನು ಬಂದದ್ದೇ ತಿಳಿಯದು ಎಂಬ ಭಯ ನಮಗೆ. ಆ ಭಯವೇ ಅವರ ಬಂಡವಾಳ. ನಿಜವೆಂದರೆ, 2017ರ ಆಂಡ್ರಾಯ್ಡ್ 8ರಿಂದಲೇ ನೋಟಿಫಿಕೇಶನ್‌ಗಳನ್ನು ಬೇರೆ ಬೇರೆ ವಿಭಾಗ ಮಾಡುವ ಏರ್ಪಾಡಿದೆ. ಬಂದ ನೋಟಿಫಿಕೇಶನ್ ಮೇಲೆ ಬೆರಳನ್ನು ಒತ್ತಿ ಹಿಡಿದರೆ ಆ ಆ್ಯಪಿನ ವಿಭಾಗಗಳಿಗೆ ದಾರಿ ಸಿಗುತ್ತದೆ. ಆಫರ್ ಆರಿಸಿ ಆರ್ಡರ್ ಉಳಿಸಿಕೊಳ್ಳಬಹುದು. ಆದರೆ ವಿಭಾಗ ಮಾಡಬೇಕಾದವರು ಆ್ಯಪ್ ಬರೆದವರು. ಚಾಲಾಕಿಗಳು ಎಲ್ಲವನ್ನೂ ‘ಜನರಲ್’ ಎಂಬ ಒಂದೇ ಚೀಲಕ್ಕೆ ತುಂಬಿಬಿಡುತ್ತಾರೆ. ಅನುಮತಿ ಕೇಳಿಯೇ ನೋಟಿಫಿಕೇಶನ್ ಕಳಿಸಬೇಕೆಂಬ ಕನಿಷ್ಠ ಮರ್ಯಾದೆ ಆಂಡ್ರಾಯ್ಡಿಗೆ ಬಂದದ್ದೇ 2022ರಲ್ಲಿ, 13ನೇ ಆವೃತ್ತಿಗೆ.

ಇನ್ನೂ ಛಲವಿದ್ದವರಿಗೆ ‘ಪ್ರೈವೇಟ್ ಡಿಎನ್‌ಎಸ್’ ಎಂಬುದಿದೆ. 2018ರ ಆಂಡ್ರಾಯ್ಡ್ 9ರಿಂದ ನೆಟ್‌ವರ್ಕ್ ಸೆಟ್ಟಿಂಗ್ಸ್‌ನಲ್ಲಿ ಸಿಗುತ್ತದೆ. ಆ್ಯಡ್‌ಗಾರ್ಡ್‌ನಂಥ ಜಾಹೀರಾತು ತಡೆಯುವ ಡಿಎನ್‌ಎಸ್ ಸೇವೆಯ ವಿಳಾಸವನ್ನು ಅಲ್ಲಿ ತುಂಬಿದರೆ ಜಾಹೀರಾತು ಕಳಿಸುವ ಎಷ್ಟೋ ಸರ್ವರ್‌ಗಳ ದಾರಿಯೇ ಮುಚ್ಚುತ್ತದೆ. ಯೂಟ್ಯೂಬಿನ ಜಾಹೀರಾತು ಇದಕ್ಕೆ ಬಗ್ಗುವುದಿಲ್ಲ, ಆ ಆಸೆ ಬೇಡ. ಗೂಗಲ್ ಸೆಟ್ಟಿಂಗ್ಸ್‌ನ ಆ್ಯಡ್ಸ್ ವಿಭಾಗಕ್ಕೆ ಹೋಗಿ ‘ಡಿಲೀಟ್ ಅಡ್ವರ್ಟೈಸಿಂಗ್ ಐಡಿ’ ಎಂದರೆ ಜಾಹೀರಾತು ನಿಲ್ಲದು, ಬೆನ್ನು ಹತ್ತುವುದು ಮಾತ್ರ ತಗ್ಗುತ್ತದೆ. ದಯವಿಟ್ಟು ಇನ್ನೊಂದು ಕೇಳಿ: ಪಾಪ್‌ಅಪ್ ತಡೆಯುತ್ತೇವೆ, ಫೋನ್ ಸ್ವಚ್ಛ ಮಾಡುತ್ತೇವೆ ಎಂದು ಬರುವ ಆ್ಯಪ್‌ಗಳನ್ನು ಹಾಕಿಕೊಳ್ಳಬೇಡಿ. ಎಷ್ಟೋ ಸಲ ಮೊದಲ ಜಾಹೀರಾತು ತೋರಿಸುವುದೇ ಅವು. ಪರದೆ ಮುಚ್ಚಿಹೋಗುವ ಹಾಗೆ ಜಾಹೀರಾತು ತೋರಿಸುತ್ತಿದ್ದ ಸುಮಾರು 600 ಆ್ಯಪ್‌ಗಳನ್ನು 2020ರ ಫೆಬ್ರುವರಿಯಲ್ಲಿ ಗೂಗಲ್ ತನ್ನ ಪ್ಲೇ ಸ್ಟೋರಿನಿಂದ ಕಿತ್ತೆಸೆಯಿತು. ಅಲ್ಲಿಯವರೆಗೆ ಅವು ಕೂತಿದ್ದದ್ದೂ ಗೂಗಲ್ಲಿನ ಅಂಗಳದಲ್ಲೇ ಎಂಬುದನ್ನು ಮರೆಯಬಾರದು.

ಇಷ್ಟೆಲ್ಲ ಬರೆದು ನೋಡಿದರೆ ನನಗೇ ಸುಸ್ತು. ಒಂದು ಗ್ಯಾಸ್ ಓಟಿಪಿ ಓದಲು ಎಪ್ಪತ್ತು ದಾಟಿದವರು ಈ ಪಾಟಿ ಕಲಿಯಬೇಕೇ? ‘ಹೌದು’ ಎನ್ನುವುದಕ್ಕೆ ದೊಡ್ಡ ನೀಲಿ ಗುಂಡಿ, ‘ಬೇಡ’ ಎನ್ನುವುದಕ್ಕೆ ಮೂರು ಮೆನುಗಳ ಆಳದಲ್ಲೊಂದು ಸ್ವಿಚ್. ಇದು ಅಚಾತುರ್ಯದಿಂದ ಆದದ್ದಲ್ಲ, ಕೂತು ಯೋಚಿಸಿ, ಸಂಬಳ ಕೊಟ್ಟು ಮಾಡಿಸಿದ ಕೆಲಸ.

ಮಾಡಿಸಿದ್ದು ಏಕೆಂಬುದೂ ಗುಟ್ಟೇನಲ್ಲ. ಫೋನ್ ಮತ್ತಿತರ ಸಾಧನಗಳಿಂದ ಶೇ 5ಕ್ಕಿಂತ ಹೆಚ್ಚು ನಿವ್ವಳ ಲಾಭ ಇಟ್ಟುಕೊಳ್ಳುವುದಿಲ್ಲ ಎಂದು 2018ರಲ್ಲಿ ಚೀನಾದ ಶಿಯೋಮಿ ಘೋಷಿಸಿದಾಗ ನಾವೆಲ್ಲ ಚಪ್ಪಾಳೆ ತಟ್ಟಿದೆವು. ಉಳಿದ ಗಳಿಕೆಗೆ ಆ ಕಂಪನಿ ನೆಚ್ಚಿದ್ದು ಇಂಟರ್ನೆಟ್ ಸೇವೆಗಳನ್ನು, ಅವುಗಳಲ್ಲಿ ಜಾಹೀರಾತು ದೊಡ್ಡ ಪಾಲು. ಚೀನಾವನ್ನು ಬೈದು ಸುಮ್ಮನಾಗುವ ಹಾಗೂ ಇಲ್ಲ. ಲಾಕ್ ಸ್ಕ್ರೀನನ್ನೇ ವ್ಯಾಪಾರದ ಜಾಗವಾಗಿಸಿದ ಗ್ಲಾನ್ಸ್ ನಮ್ಮ ಬೆಂಗಳೂರಿನ ಇನ್‌ಮೊಬಿಯ ಕೂಸು. ಅದಕ್ಕೆ 2020ರಲ್ಲಿ ಗೂಗಲ್, 2022ರಲ್ಲಿ ಜಿಯೋ ದುಡ್ಡು ಸುರಿದವು. ಬೀಗ ತೆಗೆಯುವ ಮೊದಲೇ ಸಿಗುವ ಆ ಒಂದು ನೋಟಕ್ಕೆ ಬೆಲೆ ಇದೆ ಎಂದು ಅವರಿಗೆ ಗೊತ್ತು. ನಮಗೆ ಗೊತ್ತಿಲ್ಲ, ಅಷ್ಟೇ.

ಪಾಪ್‌ಅಪ್ ಹುಟ್ಟಿದ ಕಥೆ ಇನ್ನೂ ಚೆನ್ನಾಗಿದೆ. 1990ರ ದಶಕದಲ್ಲಿ ಅಮೆರಿಕದ ಟ್ರೈಪಾಡ್ ಎಂಬ ಜಾಲತಾಣದಲ್ಲಿ ತನ್ನ ಜಾಹೀರಾತು ಒಂದು ಅಶ್ಲೀಲ ಪುಟದಲ್ಲಿ ಕಂಡಿತೆಂದು ಕಾರು ಕಂಪನಿಯೊಂದು ಕೂಗಾಡಿತು. ಪುಟಕ್ಕೂ ಜಾಹೀರಾತಿಗೂ ಸಂಬಂಧವಿಲ್ಲ ಎನಿಸಲು ಅಲ್ಲಿದ್ದ ಈಥನ್ ಝುಕರ್‌ಮನ್, ಜಾಹೀರಾತಿಗೇ ಬೇರೆ ಕಿಟಕಿ ತೆರೆಯುವ ಕೋಡ್ ಬರೆದರು. 2014ರಲ್ಲಿ ‘ದಿ ಅಟ್ಲಾಂಟಿಕ್’ ಪತ್ರಿಕೆಯಲ್ಲಿ ಅವರು ಇದಕ್ಕಾಗಿ ಜಗತ್ತಿನ ಕ್ಷಮೆ ಕೇಳಿದರು. ಕಾರು ಕಂಪನಿಯ ಮಾನ ಕಾಪಾಡಲು ಹುಟ್ಟಿದ್ದು ಇಂದು ನಮ್ಮ ಮಾನ ಕಳೆಯುತ್ತಿದೆ. ಆಮೇಲೆ ಈ ಧಂದೆಯಲ್ಲಿ ಕೋಟಿ ಕೋಟಿ ಎಣಿಸಿದವರಾರೂ ಕ್ಷಮೆ ಕೇಳಿದ್ದು ನನ್ನ ಕಿವಿಗೆ ಬಿದ್ದಿಲ್ಲ.

ಈಗ ನನ್ನ ಹಳೇ ಹುಚ್ಚಿಗೆ ಬರುತ್ತೇನೆ. ಈ ಅಂಕಣ ಓದುವವರಿಗೆ ಅದು ಗೊತ್ತು: ಫ್ಲೆಕ್ಸ್. ನಮ್ಮ ಬಡಾವಣೆಯ ಬಸ್ ನಿಲ್ದಾಣದ ಹೆಸರು ಏನೆಂದು ಹೊಸಬರಿಗೆ ತಿಳಿಯದು. ಫಲಕದ ಮೇಲೆ ಸದಾ ಯಾರೋ ಯುವ ನಾಯಕರ ಹುಟ್ಟುಹಬ್ಬ ನಡೆಯುತ್ತಿರುತ್ತದೆ, ಕೈ ಮುಗಿದವರ ಹದಿನಾರು ಮುಖಗಳ ಸಮೇತ. ಈ ಬಗ್ಗೆ ಬರೆದಾಗಲೆಲ್ಲ “ನಿಮಗೆ ಬೇರೆ ಕೆಲಸವಿಲ್ಲವೇ” ಎಂದು ಕೇಳುವ ಓದುಗರಿದ್ದಾರೆ. ಇರಲಿ. ಕರ್ನಾಟಕದಲ್ಲಿ ಸಾರ್ವಜನಿಕರ ಕಣ್ಣಿಗೆ ಕಾಣುವ ಜಾಗವನ್ನು ಕೆಡಿಸಬಾರದೆಂದು 1981ರಷ್ಟು ಹಿಂದೆಯೇ ಒಂದು ಕಾಯ್ದೆ ಬಂದಿದೆ. ಅನುಮತಿಯಿಲ್ಲದೆ ಗೋಡೆಗೆ ಪೋಸ್ಟರ್ ಮೆತ್ತಿದವನಿಗೆ ಜೈಲೂ ಉಂಟು, ದಂಡವೂ ಉಂಟು. 2018ರ ಆಗಸ್ಟ್‌ನಲ್ಲಿ ಹೈಕೋರ್ಟ್ ಚಾಟಿ ಬೀಸಿದಾಗ ಬೆಂಗಳೂರಿನ ಪಾಲಿಕೆ ರಾತ್ರೋರಾತ್ರಿ ಫ್ಲೆಕ್ಸ್ ಕಿತ್ತು ಲಾರಿಗೆ ತುಂಬಿತು. ಊರಿಗೆ ಮರಗಳಿವೆ ಎಂಬುದು ಆಗ ಕಂಡಿತು. ಅಂದರೆ ಮನಸ್ಸು ಮಾಡಿದರೆ ಆಗುತ್ತದೆ. ಇಟ್ಟಿಗೆ ಗೋಡೆಗೆ ಇಷ್ಟು ರಕ್ಷಣೆ ಇರುವಾಗ ನಾನು ದುಡ್ಡು ಕೊಟ್ಟು ಕೊಂಡ ಗಾಜಿನ ಗೋಡೆ ಏಕೆ ಅನಾಥ?

“ಅದಕ್ಕೂ ನಿಯಮ ಬಂದಿದೆಯಲ್ಲ ಸ್ವಾಮಿ” ಎನ್ನುವವರಿದ್ದಾರೆ. ಬಂದಿದೆ. ದೂರವಾಣಿ ಇಲಾಖೆಯ ಕಡೆಯಿಂದಲ್ಲ, 1909 ಸಂಖ್ಯೆಗೆ ಕರೆ ಮಾಡಿ ಡಿಎನ್‌ಡಿ (ಡು ನಾಟ್ ಡಿಸ್ಟರ್ಬ್) ಹಾಕಿಸಿದರೆ ನಿಲ್ಲುವುದು ಮಾರಾಟದ ಕರೆ ಮತ್ತು ಎಸ್ಸೆಮ್ಮೆಸ್, ಆ್ಯಪ್ ಕಾಟಕ್ಕೆ ಅದರಲ್ಲಿ ಮದ್ದಿಲ್ಲ. ಬಂದದ್ದು ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರದಿಂದ. 2023ರ ನವೆಂಬರ್ 30ರಂದು ಅದು ಹೊರಡಿಸಿದ ಮಾರ್ಗಸೂಚಿ 13 ಬಗೆಯ ‘ಡಾರ್ಕ್ ಪ್ಯಾಟರ್ನ್’ಗಳನ್ನು, ಅಂದರೆ ಬಳಕೆದಾರರನ್ನು ದಾರಿ ತಪ್ಪಿಸುವ ವಿನ್ಯಾಸಗಳನ್ನು, ಹೆಸರಿಟ್ಟು ನಿಷೇಧಿಸಿದೆ. ಅದರಲ್ಲೊಂದು ಉದಾಹರಣೆ ಓದಿದಾಗ ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಪಾಪ್‌ಅಪ್‌ನ ಮೂಲೆಯ ಇಂಟು ಮಾರ್ಕ್ ಒತ್ತಿದರೆ ಮುಚ್ಚುವ ಬದಲು ಇನ್ನೊಂದು ಜಾಹೀರಾತು ತೆರೆಯುವುದು ಎಂದು ಅಲ್ಲಿ ಸ್ಪಷ್ಟವಾಗಿ ಬರೆದಿದೆ. ‘ಬೇಡ’ ಎನ್ನಲು ದಾರಿಯೇ ಕೊಡದೆ ನೋಟಿಫಿಕೇಶನ್ ಹಾಕಿಕೊಳ್ಳಿ ಎಂದು ಪೀಡಿಸುವುದೂ ಪಟ್ಟಿಯಲ್ಲಿದೆ. ನಮ್ಮ ದೊಡ್ಡಮ್ಮನ ಫೋನ್ ನೋಡಿಯೇ ಬರೆದರೇನೋ ಎಂಬಷ್ಟು ಕರಾರುವಾಕ್ಕು!

ಬರೆದದ್ದಾಯಿತು, ಮುಂದೆ? 2025ರ ಜೂನ್‌ನಲ್ಲಿ ಪ್ರಾಧಿಕಾರ ಆನ್‌ಲೈನ್ ವ್ಯಾಪಾರದ ಕಂಪನಿಗಳಿಗೆ ಒಂದು ಸಲಹೆ ಕೊಟ್ಟಿತು. ಮೂರು ತಿಂಗಳೊಳಗೆ ನಿಮ್ಮನ್ನು ನೀವೇ ತಪಾಸಣೆ ಮಾಡಿಕೊಳ್ಳಿ ಎಂದಿತು. ಅದೇ ವರ್ಷ 26 ಕಂಪನಿಗಳು “ನಮ್ಮಲ್ಲಿ ಅಂಥದ್ದೇನೂ ಇಲ್ಲ” ಎಂದು ಬರೆದುಕೊಟ್ಟವು. ತಪಾಸಣೆ ಮಾಡಿದವರೂ ಅವರೇ, ಪಾಸು ಎಂದುಕೊಂಡವರೂ ಅವರೇ. ಇನ್ನು ಹಬ್ಬದ ಫ್ರೇಮ್ ಮಾಡಿಕೊಡುವ ಊರು ಕೇರಿ ತಿಳಿಯದ ಆ್ಯಪಿನವನನ್ನು ಹುಡುಕಿ ನೋಟಿಸ್ ಕೊಡುವವರು ಯಾರು? ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915 ಇದೆ, ದೂರು ಕೊಡಿ ಎನ್ನುತ್ತಾರೆ. ಕೊಡೋಣ. ಆದರೆ ಕಳ್ಳನ ಹೆಸರು, ವಿಳಾಸ, ಸ್ಕ್ರೀನ್‌ಶಾಟ್ ಎಲ್ಲ ನಾವೇ ಒದಗಿಸಬೇಕಾದರೆ ಪ್ರಾಧಿಕಾರದ ಕೆಲಸವೇನು?

ನನ್ನ ಬೇಡಿಕೆ ಸರಳ. ಫೋನ್ ಡಬ್ಬಿಯಿಂದ ಹೊರಬರುವಾಗ ಎಲ್ಲ ಜಾಹೀರಾತೂ ಆಫ್ ಆಗಿರಲಿ. ಬೇಕಾದವನು ಮೂರು ಮೆನು ಇಳಿದು ಆನ್ ಮಾಡಿಕೊಳ್ಳಲಿ. ಮುಳುಗುವ ರಾಜನನ್ನು ನೋಡಲೇಬೇಕೆಂಬ ಆಸೆ ಇದ್ದವರು ಅಷ್ಟು ಕಷ್ಟವಾದರೂ ಪಡಲಿ. ಹಾಗೆ ಮಾಡಿದರೆ ಅಗ್ಗದ ಫೋನ್ ಕೊಡಲಾಗದು, ವ್ಯಾಪಾರ ಕೆಡುತ್ತದೆ ಎಂದು ಕಂಪನಿಗಳು ರಾಗ ಎಳೆಯುತ್ತವೆ. ಸರಿ, ಹಾಗಿದ್ದರೆ ಲೆಕ್ಕ ಚುಕ್ತಾ ಮಾಡಿಕೊಳ್ಳೋಣ. ಪರದೆಯನ್ನು ಬಾಡಿಗೆಗೆ ಬಿಟ್ಟು ದುಡ್ಡು ಎಣಿಸುತ್ತಿರುವವರು ನೀವು. ಮುಂದಿನ ತಿಂಗಳಿಂದ ಆ ಫೋನಿನ ಇಎಂಐಯನ್ನೂ ನೀವೇ ಕಟ್ಟಿ.